ಕನ್ನಡಿಯಲ್ಲಿ ಕಂಡ ಮುಖ ಇರ್ಲಿ, ಮೊದ್ಲು ಆ ಕಾಲಿನ ವಿಷ್ಯ ಹೇಳಿ

ಪ್ರಶ್ನೆ: ಡಾಕ್ಟ್ರೇ, ನನಗೆ 31 ವರ್ಷ, ಏಳೆಂಟು ವರ್ಷದಿಂದ ಪರ್ಫಾರ್ಮೆನ್ಸ್ ಆರ್ಟ್ ಮಾಡ್ತಿದೀನಿ. ಈಗ 24 ಗಂಟೆಯ ಒಂದು ಹೊಸ ಕೆಲಸ ತಯಾರಾಗ್ತಿದೆ. ಮಂದ ಬೆಳಕಲ್ಲಿ ದೊಡ್ಡ ಕನ್ನಡಿ ಮುಂದೆ ಅಲುಗಾಡದೆ ಕೂತಿರ್ತೀನಿ, ಗಂಟೆಗೊಂದ್ಸಲ ನೋಡೋಕೆ ಬಂದವರಲ್ಲಿ ಒಬ್ರು ನನ್ನ ಮುಖಕ್ಕೆ ಬಣ್ಣ ಹಚ್ಚಬಹುದು, ಬಟ್ಟೆ ಕೂದಲು ಬದಲಾಯಿಸಬಹುದು, ಹೊಸ ಹೆಸರು ಕೊಡಬಹುದು. ಊಟ, ನೀರು, ನಿದ್ದೆ, ಟಾಯ್ಲೆಟ್ ಯಾವ್ದೂ ಇಲ್ಲ. ಹೋದ ತಿಂಗಳು 9 ಗಂಟೆ ರಿಹರ್ಸಲ್ ಮಾಡ್ದೆ. ಟಾಯ್ಲೆಟ್ ಬರಬಾರದು ಅಂತ ಹಿಂದಿನ ದಿನದಿಂದಲೇ ನೀರು ಬಿಟ್ಟಿದ್ದೆ. ಸ್ವಲ್ಪ ಹೊತ್ತಲ್ಲೇ ಕನ್ನಡಿಯಲ್ಲಿದ್ದ ಮುಖ ನನ್ನದಲ್ಲ ಅನ್ನಿಸೋಕೆ ಶುರುವಾಯ್ತು, ಆಮೇಲೆ ತೀರಿಹೋದ ಅಜ್ಜಿ ಕಂಡ್ರು, ಒಮ್ಮೆ ಮುಖವೇ ಕರಗಿಹೋಯ್ತು. ಎದ್ದಾಗ ಎಡಗಾಲು ಪೂರ್ತಿ ಜೋಮು, ಎರಡು ದಿನ ಪಾದ ಎಳ್ಕೊಂಡು ನಡೆದೆ. ಒಂದು ವಾರ ನನ್ನನ್ನ ನಾನೇ ಹೊರಗಿಂದ ನೋಡ್ತಿದೀನಿ ಅನ್ನೋ ಥರ ಇತ್ತು, ಈಗ ಇಲ್ಲ. ಜೊತೆಯವರು ಇದೇ ನಿಜವಾದ ಬ್ರೇಕ್‌ಥ್ರೂ ಅಂತಾರೆ, ಅಮ್ಮ ಹುಚ್ಚು ಹಿಡಿಯತ್ತೆ ಬಿಟ್ಬಿಡು ಅಂತಾರೆ. ನನ್ನ ತಲೆ ಕೆಡ್ತಿದೆಯಾ? ಮಧ್ಯ ಎದ್ರೆ, ನೀರು ಕುಡಿದ್ರೆ, ಈ ಕೆಲಸದ ಪ್ರಾಮಾಣಿಕತೆ ಹೋಗಲ್ವಾ?

ಉತ್ತರ: ನಿಮ್ಮ ಪತ್ರ ಎರಡು ಸಲ ಓದಿದೆ. ಮುಖದ ಬಗ್ಗೆ ಅಷ್ಟುದ್ದ ಬರೆದಿದೀರಿ, ಕಾಲಿನ ಬಗ್ಗೆ ಒಂದೇ ಸಾಲು, ಅದೂ ಹೇಳ್ಬೇಕಲ್ಲ ಅಂತ ಹೇಳಿದ ಹಾಗೆ. ನನಗೆ ಉಲ್ಟಾ. ಮುಖದ್ದು ಓದ್ವಾಗ ಆರಾಮಾಗಿ ಕೂತಿದ್ದವನು ಕಾಲಿನ ಸಾಲಿಗೆ ಬಂದಾಗ ಕುರ್ಚಿ ಮುಂದೆ ಎಳ್ಕೊಂಡೆ. ನಾನು ರಿಹ್ಯಾಬಿಲಿಟೇಷನ್ ಡಾಕ್ಟರು, ಡ್ಯಾನ್ಸರ್‌ಗಳು, ಸರ್ಕಸ್‌ನವರು, ನಿಮ್ಮಂಥ ಕಲಾವಿದರು ಇವ್ರದೇ ಮೈಕೈ ನೋಡ್ಕೊಂಡು ಬಂದವನು, ಇಂಥ ಉದ್ದದ ಪರ್ಫಾರ್ಮೆನ್ಸ್‌ಗಳ ಪಕ್ಕ ರಾತ್ರಿಯಿಡೀ ಕೂತೂ ಇದೀನಿ, ಹಾಗಾಗಿ ಬಿಟ್ಬಿಡಿ ಅಂತ ಹೇಳೋ ಜಾತಿ ಅಲ್ಲ.

ನಿಮಗೆ ಹೆದರಿಕೆ ಮುಖದ್ದೇ, ಅದ್ರಿಂದಲೇ ಶುರು ಮಾಡೋಣ. ನೀವು ಕಂಡಿದ್ದಕ್ಕೆ ಹುಚ್ಚಿನ ಅಗತ್ಯ ಇಲ್ಲ, ಮಂದ ಬೆಳಕು, ಕನ್ನಡಿ, ಸ್ವಲ್ಪ ತಾಳ್ಮೆ ಇಷ್ಟು ಸಾಕು. ಇಟಲಿಯ ಜಿಯೊವಾನ್ನಿ ಕಪೂಟೊ ಅನ್ನೋ ಸಂಶೋಧಕರು 2010ರಲ್ಲಿ ಇದನ್ನೇ ಬರೆದ್ರು. 50 ಆರೋಗ್ಯವಂತ ಜನರನ್ನ ಒಬ್ಬೊಬ್ಬರಾಗಿ ಮಬ್ಬು ದೀಪದ ಕೋಣೇಲಿ ಕನ್ನಡಿ ಮುಂದೆ 10 ನಿಮಿಷ ಕೂರಿಸಿದ್ರು ಅಷ್ಟೇ. 66% ಜನಕ್ಕೆ ಸ್ವಂತ ಮುಖ ಭಯಂಕರವಾಗಿ ವಿಕಾರ ಆದ ಹಾಗೆ ಕಾಣ್ತು, 18% ಜನಕ್ಕೆ ಅಪ್ಪ ಅಥವಾ ಅಮ್ಮನ ಮುಖ ಕಾಣ್ತು, ಅದ್ರಲ್ಲಿ ಕೆಲವರ ಅಪ್ಪ ಅಮ್ಮ ಬದುಕೇ ಇರ್ಲಿಲ್ಲ. ಪ್ರಾಣಿ, ಯಾರೋ ಮುದುಕಿ, ಗುರುತೇ ಇಲ್ಲದವ್ರು, ಎಲ್ಲಾ ಬಂದಿದಾರೆ. ಅದು ಹತ್ತೇ ನಿಮಿಷದಲ್ಲಿ. ನೀವು ಕೂತಿದ್ದು 9 ಗಂಟೆ. ಅಜ್ಜಿ ಬರದೆ ಇದ್ದಿದ್ರೆ ಆಶ್ಚರ್ಯಪಡ್ಬೇಕಿತ್ತು.

ಯಾಕೆ ಹೀಗಾಗತ್ತೆ ಅಂದ್ರೆ, ಕಣ್ಣು ಬದಲಾವಣೆ ನೋಡೋಕೆ ಇರೋ ಅಂಗ. ಒಂದೇ ಕಡೆ ದಿಟ್ಟಿಸಿದ್ರೆ ಅಕ್ಕಪಕ್ಕದ್ದು ಮಾಸ್ತಾ ಹೋಗತ್ತೆ, ಇದನ್ನ ಟ್ರಾಕ್ಸ್ಲರ್ ಅನ್ನೋರು 1804ರಲ್ಲೇ ಗಮನಿಸಿದ್ರು. ಬೆಳಕು ಕಮ್ಮಿ ಇದ್ರೆ ಇನ್ನೂ ಬೇಗ. ಈಗ ಮುಖದ ಅರ್ಧ ಮಾಸಿಹೋಗಿದೆ ಅಂದ್ಕೊಳ್ಳಿ, ಮಿದುಳಿಗೆ ಖಾಲಿ ಜಾಗ ಬಿಟ್ಟು ಗೊತ್ತಿಲ್ಲ, ಅದರಲ್ಲೂ ಮುಖದ ವಿಷ್ಯದಲ್ಲಿ ಅದಕ್ಕೆ ವಿಪರೀತ ಆತುರ, ತನ್ನ ಹತ್ರ ಇರೋ ಹಳೇ ಮುಖಗಳಿಂದ ತುಂಡು ತಂದು ತೇಪೆ ಹಾಕತ್ತೆ, ನಿಮ್ಮ ಮುಖದ ಮೂಳೆ ಅಜ್ಜಿದೇ ಇರಬಹುದು, ತೇಪೆ ಸರಿಯಾಗಿ ಕೂತಿದೆ. ಹಾಗಾಗಿ ಹುಚ್ಚು ಅನ್ನೋ ಅಮ್ಮನ ಮಾತೂ ತಪ್ಪು, ಬ್ರೇಕ್‌ಥ್ರೂ ಅನ್ನೋ ಜೊತೆಯವರ ಮಾತೂ ತಪ್ಪು. ನೀವು ಅದನ್ನ ಕೃತಿಯಾಗಿ ಏನು ಮಾಡ್ತೀರಿ ಅನ್ನೋದರಲ್ಲಿ ಬ್ರೇಕ್‌ಥ್ರೂ ಇರಬಹುದೇನೋ, ಕಂಡಿದ್ದು ಮಾತ್ರ ಯಾರಿಗೆ ಬೇಕಾದ್ರೂ ಕಾಣತ್ತೆ.

ಆಮೇಲಿನ ಒಂದು ವಾರ, ಅದು ಸ್ವಲ್ಪ ಬೇರೆ. ನನ್ನನ್ನ ನಾನೇ ಹೊರಗಿಂದ ನೋಡ್ತಿದೀನಿ ಅನ್ನೋದನ್ನ ಡೀಪರ್ಸನಲೈಸೇಷನ್ ಅಂತೀವಿ. ನಿದ್ದೆಗೆಟ್ಟಾಗ, ಆತಂಕದಲ್ಲಿ, ಯಾರಾದ್ರೂ ತೀರಿಹೋದ ಹೊತ್ತಲ್ಲಿ ಎಷ್ಟೋ ಜನಕ್ಕೆ ಬಂದು ಹೋಗತ್ತೆ. ಬಂದಿದ್ದು ಹೋಗಿದೆ, ಒಳ್ಳೇದು. ಆದ್ರೆ 9 ಗಂಟೆ ಕೂತಿದ್ದಕ್ಕೆ ಒಂದು ವಾರ ಉಳೀತು ಅನ್ನೋದನ್ನ ನಾನು ಮರೆಯಲ್ಲ, ನೀವೂ ಮರೀಬೇಡಿ, 24 ಗಂಟೆ ಕೂತ್ರೆ ಎಷ್ಟು ದಿನ ಅಂತ ಲೆಕ್ಕ ಹಾಕೋ ಸೂತ್ರ ಯಾರ ಹತ್ರನೂ ಇಲ್ಲ. ಮನೇಲಿ ಅಪ್ಪ ಅಮ್ಮ ಒಡಹುಟ್ಟಿದವ್ರಲ್ಲಿ ಯಾರಿಗಾದ್ರೂ ಬೈಪೋಲಾರ್, ಸ್ಕಿಜೋಫ್ರೇನಿಯಾ ಥರದ ಮಾನಸಿಕ ಕಾಯಿಲೆ ಇದ್ದಿದ್ರೆ, ನಿಮಗೇ ಹಿಂದೆ ಯಾವಾಗಾದ್ರೂ ನಾಲ್ಕೈದು ದಿನ ನಿದ್ದೆ ಇಲ್ದೆ ಸುಸ್ತೂ ಇಲ್ದೆ ಓಡಾಡಿದ ಅನುಭವ ಇದ್ರೆ, ರಾತ್ರಿ ನಿದ್ದೆಗೆಡೋ ಕೆಲಸವನ್ನ ಮನೋವೈದ್ಯರ ಹತ್ರ ಮಾತಾಡದೆ ಮುಟ್ಟಬೇಡಿ, ಇದ್ರಲ್ಲಿ ನಾನು ಚೌಕಾಸಿ ಮಾಡಲ್ಲ. ಆ ಹೊರಗಿನ ಭಾವ ಮತ್ತೆ ಬಂದ್ರೆ, ಕನ್ನಡಿ ಇಲ್ಲದಾಗ್ಲೂ ಧ್ವನಿ ಕೇಳಿಸಿದ್ರೆ, ಬದುಕೋದು ಬೇಡ ಅನ್ನೋ ಯೋಚನೆ ಸುಳಿದ್ರೆ, ಅವತ್ತೇ ಯಾರಿಗಾದ್ರೂ ಹೇಳಿ ತೋರಿಸ್ಕೊಳ್ಳಿ.

ಈಗ ಕಾಲು.

ಹೇಗೆ ಕೂತಿದ್ರಿ ಅಂತ ಬರೆದಿಲ್ಲ, ಆದ್ರೆ ಕಾಲ ಮೇಲೆ ಕಾಲು ಹಾಕಿಯೋ ಮಡಚ್ಕೊಂಡೋ ಕೂತಿರ್ಬೇಕು. ಮಂಡಿಗಿಂತ ಸ್ವಲ್ಪ ಕೆಳಗೆ, ಹೊರಭಾಗದಲ್ಲಿ ಕೈಯಾಡಿಸಿ, ಒಂದು ಪುಟ್ಟ ಮೂಳೆ ಉಬ್ಬು ಸಿಗತ್ತೆ. ಪಾದವನ್ನ ಮೇಲಕ್ಕೆತ್ತೋ ನರ, ಪೆರೋನಿಯಲ್ ನರ ಅಂತ, ಅದನ್ನ ಸುತ್ತಿಕೊಂಡೇ ಹೋಗೋದು. ಅಲ್ಲಿ ಮೇಲೆ ಮಾಂಸದ ಗಾದಿ ಇಲ್ಲ, ಚರ್ಮ ನರ ಮೂಳೆ ಅಷ್ಟೇ. ಜೋಮು ಎಲ್ಲರಿಗೂ ಹಿಡಿಯತ್ತೆ, ಕಾಲು ಝಾಡಿಸಿದ್ರೆ ಐದು ನಿಮಿಷದಲ್ಲಿ ಬಿಡತ್ತೆ. ಎರಡು ದಿನ ಪಾದ ಎಳ್ಕೊಂಡು ನಡೆದ್ರಿ ಅಂದ್ರೆ ಅದು ಜೋಮಲ್ಲ, ಆ ನರಕ್ಕೆ ಪೆಟ್ಟು ಬಿದ್ದಿದೆ, ಫುಟ್ ಡ್ರಾಪ್ ಅಂತೀವಿ. ಸಣ್ಣ ಪೆಟ್ಟು ದಿನಗಳಲ್ಲೋ ವಾರಗಳಲ್ಲೋ ಸರಿಹೋಗತ್ತೆ, ಜೋರಾಗಿದ್ರೆ ತಿಂಗಳುಗಟ್ಟಲೆ ಹಿಡಿಯತ್ತೆ, ಕೆಲವರಿಗೆ ಪೂರ್ತಿ ವಾಪಸ್ ಬರೋದೇ ಇಲ್ಲ. ನಿಮಗೆ 9 ಗಂಟೆ ಎಚ್ಚರಿಕೆ ಕೊಟ್ಟಿದೆ, 24 ಗಂಟೆ ಎಚ್ಚರಿಕೆ ಕೊಡತ್ತೆ ಅನ್ನೋ ಗ್ಯಾರಂಟಿ ಇಲ್ಲ.

ನಮಗೆ ಗೊತ್ತೇ ಆಗದ ಹಾಗೆ ನಾವು ಕೂತಲ್ಲೇ ಕೆಲವು ನಿಮಿಷಕ್ಕೊಮ್ಮೆ ಸರೀತಾ ಇರ್ತೀವಿ, ನಿದ್ದೇಲೂ ಹೊರಳ್ತೀವಿ. ಹಾಗೆ ಸರಿಯೋದ್ರಿಂದಲೇ ಮೈ ಉಳ್ಕೊಂಡಿರೋದು. ಅದನ್ನ ತಡೆದ್ರೆ ಕೂರೋ ಮೂಳೆ ಕೆಳಗಿನ ಚರ್ಮಕ್ಕೆ ರಕ್ತ ಹೋಗಲ್ಲ, ಅಲ್ಲಿ ಹುಣ್ಣಾಗತ್ತೆ, ಅಲುಗಾಡೋಕಾಗದ ರೋಗಿಗಳಲ್ಲಿ ಎರಡು ಗಂಟೆಯಲ್ಲೇ ಆ ಹುಣ್ಣು ಶುರುವಾಗಿದ್ದು ನೋಡಿದೀವಿ, ಅದಕ್ಕೇ ಆಸ್ಪತ್ರೇಲಿ ಗಂಟೆ ಲೆಕ್ಕ ಹಾಕಿ ಮಗ್ಗಲು ಬದಲಿಸೋದು. ಕಾಲಿನ ಮೀನಖಂಡ ಆಡದಿದ್ರೆ ರಕ್ತ ಕೆಳಗೇ ನಿಲ್ಲತ್ತೆ, ಅದ್ರ ಜೊತೆ ನೀರೂ ಬಿಟ್ಟು ಕೂತ್ರೆ ಹೆಪ್ಪುಗಟ್ಟೋ ಅಪಾಯ ಏರತ್ತೆ, ಆ ಹೆಪ್ಪು ಶ್ವಾಸಕೋಶಕ್ಕೆ ಹೋದ್ರೆ ಪ್ರಾಣಕ್ಕೇ ಕುತ್ತು. ಗರ್ಭನಿರೋಧಕ ಮಾತ್ರೆ ತಗೋತಿದ್ರೆ, ಸಿಗರೇಟ್ ಇದ್ರೆ, ಹಿಂದೆ ಹೆಪ್ಪು ಆಗಿದ್ರೆ ಇನ್ನೂ ಜಾಸ್ತಿ. ಒಂದೇ ಮೀನಖಂಡ ಊದಿ ನೋವು, ಇದ್ದಕ್ಕಿದ್ದಂತೆ ಉಸಿರು ಕಟ್ಟಿದ ಹಾಗೆ, ಎದೇಲಿ ಚುಚ್ಚು, ಇಷ್ಟರಲ್ಲಿ ಯಾವ್ದಾದ್ರೂ ಶೋ ಮುಗಿದ ಮೇಲೂ ಬಂದ್ರೆ ತಕ್ಷಣ ಎಮರ್ಜೆನ್ಸಿಗೆ ಹೋಗಿ, ಬೆಳಗಾಗ್ಲಿ ಅಂತ ಕಾಯಬೇಡಿ.

ನೀರು ಬಿಟ್ಟಿದ್ದು ಟಾಯ್ಲೆಟ್ ತಪ್ಪಿಸೋಕೆ ಅಂದ್ರಿ. ಹಾಗೆ ಟಾಯ್ಲೆಟ್ ತಪ್ಪಿಸೋಕಾಗಲ್ಲ. ಒಂದು ತೊಟ್ಟು ನೀರು ಕುಡೀದೆ ಇದ್ರೂ ಕಿಡ್ನಿ ದಿನಕ್ಕೆ ಅರ್ಧ ಲೀಟರ್ ಹತ್ತಿರ ಮೂತ್ರ ಮಾಡೇ ಮಾಡತ್ತೆ, ಕಸ ಹೊರಗೆ ಹಾಕ್ಲೇಬೇಕಲ್ಲ, ಮೂತ್ರಕೋಶ ಆರಾಮಾಗಿ ಹಿಡಿಯೋದು 400ರಿಂದ 500 ಎಂ.ಎಲ್. ಅಂದ್ರೆ ಬಾಯಾರಿ ಸತ್ರೂ ಕೊನೆಗೆ ಹೋಗ್ಲೇಬೇಕು, ಕಟ್ಟಿಕೊಂಡೇ ಕೂತ್ರೆ ಮೂತ್ರಕೋಶದ ಸ್ನಾಯು ಎಳೆದು ಸೋತುಹೋಗತ್ತೆ. ಡೈಪರ್ ಹಾಕ್ಕೊಂಡು ಕೂರ್ತೀನಿ ಅಂತ ಕೆಲವರು ಬರ್ತಾರೆ, ಒದ್ದೆ ಚರ್ಮದ ಮೇಲೆ ಮೈಭಾರ ಬಿದ್ರೆ ಆ ಹುಣ್ಣು ಇನ್ನೂ ಬೇಗ. ಊಟದ ಬಗ್ಗೆ ಮಾತ್ರ ನನಗೆ ಅಂಥ ತಕರಾರಿಲ್ಲ, ಸಕ್ಕರೆ ಕಾಯಿಲೆ ಇಲ್ಲದ ಆರೋಗ್ಯವಂತರು ಒಂದು ದಿನ ಊಟ ಬಿಟ್ರೆ ಆಕಾಶ ಬೀಳಲ್ಲ.

ಇನ್ನು ಪ್ರಾಮಾಣಿಕತೆ. ನನ್ನ ಹತ್ರ ಬರೋ ಎಲ್ಲ ಕಲಾವಿದರ ತಲೇಲೂ ದೊಡ್ಡ ದೊಡ್ಡ ಹೆಸರುಗಳು ಕೂತಿರ್ತವೆ, ಅವ್ರು ಎದ್ದೇ ಇಲ್ಲ ಅನ್ನೋ ನಂಬಿಕೆ ಜೊತೆಗೆ. ಮರೀನಾ ಅಬ್ರಮೊವಿಚ್ 2010ರಲ್ಲಿ ನ್ಯೂಯಾರ್ಕಿನ ಮೋಮಾ ಅನ್ನೋ ಆಧುನಿಕ ಕಲಾ ಮ್ಯೂಸಿಯಂನಲ್ಲಿ ಕುರ್ಚಿ ಮೇಲೆ ಕೂತು ಬಂದವರನ್ನೆಲ್ಲ ಸುಮ್ಮನೆ ದಿಟ್ಟಿಸಿದ್ದು ಒಟ್ಟು 700 ಗಂಟೆಗೂ ಜಾಸ್ತಿ, ಆದ್ರೆ ಅದು ಮ್ಯೂಸಿಯಂ ತೆರೆದಿರೋ ಹೊತ್ತಲ್ಲಿ, ಹೆಚ್ಚೂಕಡಿಮೆ ಮೂರು ತಿಂಗಳಲ್ಲಿ ಹಂಚಿದ್ದು, ರಾತ್ರಿ ಮನೆಗೆ ಹೋಗ್ತಿದ್ರು, ಶುರುವಲ್ಲಿ ಮಧ್ಯ ಇದ್ದ ಟೇಬಲ್ಲನ್ನ ಆಮೇಲೆ ತೆಗೆಸಿಬಿಟ್ರು. ನಡುವಲ್ಲಿ ನಿಯಮ ಬದಲಾಯಿಸಿದ್ದಕ್ಕೆ ಯಾರೂ ಅವ್ರನ್ನ ಅಪ್ರಾಮಾಣಿಕ ಅನ್ನಲಿಲ್ಲ.

ಇನ್ನೂ ಒಳ್ಳೇ ಉದಾಹರಣೆ ಟೆಹ್ಚಿಂಗ್ ಶೇ ಅವ್ರದ್ದು. 1980ರಿಂದ 81ರವರೆಗೆ ಒಂದಿಡೀ ವರ್ಷ, ಹಗಲು ರಾತ್ರಿ, ಗಂಟೆಗೊಂದ್ಸಲ ಫ್ಯಾಕ್ಟರಿ ಥರದ ಪಂಚಿಂಗ್ ಮೆಷಿನ್‌ನಲ್ಲಿ ಕಾರ್ಡ್ ಒತ್ತಿದ್ರು. ಒಟ್ಟು 8,760 ಸಲ ಒತ್ತಬೇಕಿತ್ತು. 133 ಸಲ ತಪ್ಪಿದ್ರು. ಆ 133ನ್ನ ಮುಚ್ಚಿಡಲಿಲ್ಲ, ವರ್ಗ ಮಾಡಿ ಪಟ್ಟಿ ಹಾಕಿದ್ರು, ನಿದ್ದೆ ಹೋಗಿದ್ದಕ್ಕೆ 94, ತಡ ಆಗಿದ್ದಕ್ಕೆ 29, ಮುಂಚೆ ಒತ್ತಿದ್ದಕ್ಕೆ 10. ಇವತ್ತು ಆ ಕೆಲಸದ ಬಗ್ಗೆ ಓದ್ವಾಗ ನನಗೆ ಮೊದ್ಲು ನೆನಪಾಗೋದೇ ಆ 94, ಮನುಷ್ಯ ಮಲಗಿಬಿಟ್ಟ ಅಂತ. ನೀವು ಎದ್ದಿದ್ದನ್ನ ಮುಚ್ಚಿಟ್ರೆ ಅಪ್ರಾಮಾಣಿಕತೆ, ಬರೆದಿಟ್ರೆ ಹೇಗೆ ಆಗತ್ತೆ ಅಂತ ನನಗೆ ಅರ್ಥ ಆಗಲ್ಲ.

ಹೇಗೆ ಮುಗಿಯತ್ತೆ ಅನ್ನೋದನ್ನ ಮೊದಲೇ ಬರೆಯದೆ ಇದ್ರೆ ಏನಾಗತ್ತೆ ಅನ್ನೋದಕ್ಕೂ ಒಂದು ಕಥೆ ಇದೆ. 1975ರಲ್ಲಿ ಕ್ರಿಸ್ ಬರ್ಡನ್ ಷಿಕಾಗೋದ ಒಂದು ಮ್ಯೂಸಿಯಂನಲ್ಲಿ ಗೋಡೆಗೆ ಒರಗಿಸಿದ ಗಾಜಿನ ಹಾಳೆ ಕೆಳಗೆ ಅಲುಗಾಡದೆ ಮಲಗಿದ್ರು, ಗೋಡೇಲಿ ಒಂದು ಗಡಿಯಾರ. ಯಾವಾಗ ಮುಗಿಯತ್ತೆ ಅಂತ ಅಲ್ಲಿಯ ಸಿಬ್ಬಂದಿಗೂ ಹೇಳಿರ್ಲಿಲ್ಲ. ಅವ್ರೋ ಕೃತಿ ಕೆಡಿಸಬಾರದು ಅಂತ ಮುಟ್ಟದೆ ಗಾಬರಿಯಲ್ಲಿ ಕಾದ್ರು. ಕೊನೆಗೆ ಒಬ್ಬ ಸಿಬ್ಬಂದಿ ತಡ್ಕೊಳ್ಳೋಕಾಗದೆ ಪಕ್ಕದಲ್ಲಿ ನೀರು ತಂದಿಟ್ರು, ಬರ್ಡನ್ ಎದ್ದು ಗಡಿಯಾರ ಒಡೆದು ಹಾಕಿದ್ರು. ಯಾರಾದ್ರೂ ಮಧ್ಯ ಬಂದ್ರೆ ಮುಗಿಯತ್ತೆ ಅನ್ನೋದೇ ಅವ್ರ ನಿಯಮ ಆಗಿತ್ತು, ಯಾರಿಗೂ ಗೊತ್ತಿರ್ಲಿಲ್ಲ ಅಷ್ಟೇ. 45 ಗಂಟೆ 10 ನಿಮಿಷ ಆಗಿತ್ತು. ಕೃತಿಯಾಗಿ ಅದು ಅದ್ಭುತ ಅಂತ ಒಪ್ತೀನಿ, ಡಾಕ್ಟರಾಗಿ ಓದ್ವಾಗ ಮಾತ್ರ ಇವತ್ತಿಗೂ ಹೊಟ್ಟೆ ತೊಳೆಸತ್ತೆ.

ನಿಮ್ಮ ಕೆಲಸದಲ್ಲಿ ಇದೇ ತೊಂದ್ರೆ ಇನ್ನೊಂದು ರೂಪದಲ್ಲಿದೆ. ಅಲುಗಾಡದೆ ಇರೋದೇ ನಿಯಮ ಆದ್ಮೇಲೆ, ಪ್ರಜ್ಞೆ ತಪ್ಪಿ ಕೂತಿದ್ರೂ ನೋಡೋರಿಗೆ ಪರ್ಫಾರ್ಮೆನ್ಸ್ ಥರಾನೇ ಕಾಣತ್ತೆ. ಉತ್ಪ್ರೇಕ್ಷೆ ಅಲ್ಲ, 1974ರಲ್ಲಿ ಬೆಲ್‌ಗ್ರೇಡ್‌ನಲ್ಲಿ ಅಬ್ರಮೊವಿಚ್ ಉರಿಯೋ ನಕ್ಷತ್ರಾಕಾರದ ಮರದ ಚೌಕಟ್ಟಿನ ಮಧ್ಯ ಮಲಗಿದಾಗ ಬೆಂಕಿ ಆಮ್ಲಜನಕ ತಿಂದು ಪ್ರಜ್ಞೆ ಹೋಗಿತ್ತು, ಸುತ್ತ ನಿಂತವರಿಗೆ ಅದು ಗೊತ್ತೇ ಆಗಿರ್ಲಿಲ್ಲ, ಬೆಂಕಿ ಮೈ ಹತ್ರ ಬಂದ್ರೂ ಅಲುಗಾಡ್ಲಿಲ್ಲ ಅಂತಾದಾಗ ಒಳಗೆ ಹೋಗಿ ಹೊರಗೆ ತಂದ್ರು. ಹಾಗಾಗಿ ನಿಮಗೆ ಒಬ್ಬ ಕಾವಲಿನವ್ರು ಬೇಕು, ನಿಮ್ಮನ್ನ ಆರಾಧಿಸೋ ಫ್ರೆಂಡ್ ಬೇಡ, ನೀವು ಬೇಡ ಅಂತ ಕಣ್ಣಲ್ಲಿ ಹೇಳಿದ್ರೂ ನಿಲ್ಲಿಸೋ ಧೈರ್ಯ ಇರೋ ಒಬ್ರು, ಪ್ರಥಮ ಚಿಕಿತ್ಸೆ ಗೊತ್ತಿರೋರು, ಪಾಳಿ ಮೇಲೆ ಇಬ್ರು ಆದ್ರೆ ಒಳ್ಳೇದು ಯಾಕಂದ್ರೆ ಅವ್ರಿಗೂ ನಿದ್ದೆ ಬರತ್ತೆ. ಅರ್ಧ ಗಂಟೆಗೊಮ್ಮೆ ಅವ್ರು ನಿಮ್ಮ ಕೈ ಒತ್ತಬೇಕು, ನೀವು ಎರಡು ಸಲ ವಾಪಸ್ ಒತ್ತಬೇಕು. ಒತ್ತಲಿಲ್ವಾ, ಲೈಟ್ ಹಾಕೋದು, ಶೋ ಅಲ್ಲಿಗೆ ಮುಗೀತು. ನನಗೇ ಗೊತ್ತಾಗತ್ತೆ ಅಂತ ವಾದ ಮಾಡ್ಬೇಡಿ. 24 ಗಂಟೆ ನಿದ್ದೆಗೆಟ್ಟವರ ಮಿದುಳಿನ ಚುರುಕು ರಕ್ತದಲ್ಲಿ 0.10% ಆಲ್ಕೋಹಾಲ್ ಇರೋ ಕುಡುಕನ ಮಟ್ಟಕ್ಕೆ ಇಳಿದಿರತ್ತೆ, ನನಗೇನೂ ಆಗಿಲ್ಲ ಅಂತ ಅವನೂ ಅಂತಾನೆ.

ನೋಡೋಕೆ ಬರೋರ ಕೈಗೆ ಏನು ಕೊಡ್ತೀರಿ ಅನ್ನೋದೂ ಮುಖ್ಯ. ಅದೇ 1974ರಲ್ಲಿ, ನೇಪಲ್ಸ್‌ನಲ್ಲಿ, ಅಬ್ರಮೊವಿಚ್ ಮೇಜಿನ ಮೇಲೆ 72 ವಸ್ತು ಇಟ್ಟು 6 ಗಂಟೆ ಸುಮ್ಮನೆ ನಿಂತ್ರು, ಶುರುವಲ್ಲಿ ಸಂಕೋಚದಲ್ಲಿದ್ದ ಜನ ಕೊನೆಕೊನೆಗೆ ಬಟ್ಟೆ ಕತ್ತರಿಸಿ, ಚರ್ಮ ಕೊಯ್ದು, ಗುಂಡು ತುಂಬಿದ ಪಿಸ್ತೂಲನ್ನ ಅವರತ್ತ ಹಿಡಿಯೋವರೆಗೂ ಹೋಯ್ತು. ನಿಮ್ಮ ಮೇಜಿನ ಮೇಲೆ ಕತ್ತರಿ, ಗೋಂದು, ಸ್ಪ್ರೇ ಇರಬಾರದು, ಕಣ್ಣು ಮೂಗು ಬಾಯಿ ಮುಚ್ಚಬಾರದು ಅಂತ ದೊಡ್ಡದಾಗಿ ಬರೆದಿಡಿ. ಬಣ್ಣ ಚರ್ಮಕ್ಕೆ ಅಂತಲೇ ಮಾಡಿದ್ದು, ಎರಡು ದಿನ ಮುಂಚೆ ಮೊಣಕೈ ಒಳಗೆ ಹಚ್ಚಿ ನೋಡಿದ್ದು. ಅಂದ ಹಾಗೆ ಮೈಗೆಲ್ಲ ಬಣ್ಣ ಬಳಿದ್ರೆ ಚರ್ಮ ಉಸಿರಾಡೋಕಾಗದೆ ಸಾಯ್ತಾರೆ ಅನ್ನೋದು ಹಳೇ ಸಿನಿಮಾ ಕಥೆ, ನಾವು ಉಸಿರಾಡೋದು ಶ್ವಾಸಕೋಶದಿಂದ. ಬೆವರು ಕಟ್ಟಿ ಮೈ ಕಾಯೋದು ಮಾತ್ರ ನಿಜ, ಕೋಣೆ ತಂಪಾಗಿರ್ಲಿ.

ಹಾಗಾದ್ರೆ ಏನು ಮಾಡ್ಬಹುದು ಅಂತೀರಾ. ಬರೆದ ಹಾಗೇ 24 ಗಂಟೆ ಕೂರ್ತೀನಿ ಅಂದ್ರೆ ನಾನು ಪಕ್ಕದಲ್ಲಿ ಕೂರಲ್ಲ, ಕಾರಣ ಮೇಲೆ ಹೇಳಿದ ಕಾಲು, ಅಷ್ಟೇ. 24 ಗಂಟೆನೇ ಬೇಕು, ರಾತ್ರಿ ದಾಟೋದೇ ವಿಷ್ಯ ಅಂದ್ರೆ, ಗಂಟೆಗೊಮ್ಮೆ ಹೇಗೂ ಯಾರೋ ಬಂದು ನಿಮ್ಮನ್ನ ಬದಲಾಯಿಸ್ತಾರಲ್ಲ, ಅದ್ರ ಹಿಂದೆಯೇ ಐದು ನಿಮಿಷ ಎದ್ದು ನಡೆಯೋದು, ನೀರು, ಬೇಕಾದ್ರೆ ಟಾಯ್ಲೆಟ್, ಇಷ್ಟನ್ನ ಸ್ಕೋರ್‌ನಲ್ಲೇ, ಅಂದ್ರೆ ಕೃತಿಯ ನಿಯಮ ಬರೆದಿಡೋ ಕಾಗದದಲ್ಲೇ, ಬರೀರಿ, ಕೂರೋದಕ್ಕೆ ಎರಡೂ ಪಾದ ನೆಲಕ್ಕೆ ತಾಗೋ ಕುರ್ಚಿ, ದಪ್ಪ ಕುಶನ್, ಕಾಲ ಮೇಲೆ ಕಾಲು ಇಲ್ಲ. ಆಗಲೂ ನಿದ್ದೆಯ ಅಪಾಯ ಉಳ್ಕೊಳ್ಳತ್ತೆ, ಆ ಒಂದು ವಾರದ ಹೊರಗಿನ ಭಾವ ಮತ್ತೆ ಬರಬಹುದು. ನನ್ನ ಕೇಳಿದ್ರೆ ದಿನಕ್ಕೆ 6 ಗಂಟೆ, ನಾಲ್ಕು ದಿನ, ರಾತ್ರಿ ಮನೇಲಿ ನಿದ್ದೆ. ಮುಖ ಕರಗೋಕೆ 10 ನಿಮಿಷ ಸಾಕು ಅಂದ್ಮೇಲೆ ನಿಮಗೆ ಬೇಕಾಗಿದ್ದೆಲ್ಲ 6 ಗಂಟೇಲಿ ಎಷ್ಟೋ ಸಲ ಸಿಗತ್ತೆ. ಇನ್ನೊಂದು ಮಾತು, ನಾನು ಕಲಾವಿದ ಅಲ್ಲ, ಸರಿಯಿಲ್ಲ ಅನ್ನಿಸಿದ್ರೆ ಬೈಕೊಂಡು ಬಿಟ್ಬಿಡಿ, ಆದ್ರೆ ನೀವು ಎದ್ದು ಹೋದ ಐದು ನಿಮಿಷ ಆ ಕನ್ನಡಿ ಖಾಲಿ ಇರಲ್ಲ, ಹಿಂದೆ ನಿಂತವರ ಮುಖ ಅದ್ರಲ್ಲಿ ಬರತ್ತೆ, ಅದು ನಿಮ್ಮ ಕೃತಿಗೆ ನಷ್ಟವೋ ಲಾಭವೋ ಯೋಚನೆ ಮಾಡಿ.

ಮುಗಿದ ಮೇಲೆ ಚಪ್ಪಾಳೆಗೆ ಅಂತ ದಢಕ್ಕನೆ ಏಳ್ಬೇಡಿ, ಅಲ್ಲೇ ತಲೆ ಸುತ್ತಿ ಬೀಳ್ತಾರೆ. ಮೊದ್ಲು ಪಾದ ಆಡಿಸಿ, ಎರಡು ನಿಮಿಷ ಆದ್ಮೇಲೆ ಹಿಡ್ಕೊಂಡು ಏಳಿ. ಗಾಡಿ ನೀವು ಓಡಿಸೋ ಹಾಗಿಲ್ಲ, ನಿಮ್ಮ ಜೊತೆ ರಾತ್ರಿಯೆಲ್ಲ ಎದ್ದವರೂ ಓಡಿಸೋ ಹಾಗಿಲ್ಲ. ಬಣ್ಣವನ್ನ ಜೋರು ಬೆಳಕಲ್ಲಿ, ಬೇರೆ ಕನ್ನಡಿ ಮುಂದೆ ತೊಳೀರಿ, ನಿಮ್ಮನ್ನ ನಿಮ್ಮ ಹೆಸರು ಹಿಡಿದು ಕರೆಯೋರು ಪಕ್ಕದಲ್ಲಿರ್ಲಿ, ಅಮ್ಮ ಒಪ್ಪಿದ್ರೆ ಅಮ್ಮಾನೇ ಇರ್ಲಿ. 1973ರಿಂದ ಐದು ವರ್ಷ ರಾಬರ್ಟಾ ಅನ್ನೋ ಇನ್ನೊಬ್ಬಳಾಗಿ ಬದುಕಿ, ಅವಳ ಹೆಸರಲ್ಲಿ ಡ್ರೈವಿಂಗ್ ಲೈಸೆನ್ಸ್ ಕೂಡ ಮಾಡಿಸಿದ್ದ ಲಿನ್ ಹರ್ಷ್‌ಮನ್ ಲೀಸನ್, ಸುಮ್ಮನೆ ನಿಲ್ಲಿಸ್ಲಿಲ್ಲ, 1978ರಲ್ಲಿ ಇಟಲಿಗೆ ಹೋಗಿ ಒಂದು ವಿಧಿ ಮಾಡಿಯೇ ಅವಳನ್ನ ಬೀಳ್ಕೊಟ್ರು. ನಿಮಗೆ ಗಂಟೆಗೊಂದು ಹೆಸರು ಬಂದಿರತ್ತೆ, ಒಂದೊಂದಾಗಿ ವಾಪಸ್ ಕೊಟ್ಟು ಬನ್ನಿ.

ಇದೆಲ್ಲಕ್ಕಿಂತ ಮುಂಚೆ, ಇದನ್ನ ಓದಿ ಮುಗಿಸಿದ ತಕ್ಷಣ ಚಪ್ಪಲಿ ಬಿಟ್ಟು, ಗೋಡೆ ಪಕ್ಕ, ಬರೀ ಹಿಮ್ಮಡಿ ಮೇಲೆ ಹತ್ತು ಹೆಜ್ಜೆ ನಡೀರಿ. ಎರಡೂ ಪಾದದ ಮುಂಭಾಗ ಒಂದೇ ಎತ್ತರಕ್ಕೆ ಬರ್ತಿದೆಯಾ ನೋಡಿ, ಪಾದದ ಮೇಲ್ಭಾಗದಲ್ಲಿ ಬೆರಳಾಡಿಸಿ, ಎರಡೂ ಕಡೆ ಸ್ಪರ್ಶ ಒಂದೇ ಥರ ಇದೆಯಾ ನೋಡಿ. ಎಡಗಾಲು ಸ್ವಲ್ಪ ಸೋತ ಹಾಗಿದ್ರೂ ಈ ವಾರವೇ ನರರೋಗ ತಜ್ಞರ ಹತ್ರ ಹೋಗಿ, 9 ಗಂಟೆ ಕೂತಿದ್ದು ಬಿಡದೆ ಹೇಳಿ. ಶೋ ತಾರೀಕು ಆಮೇಲೆ.